ತಂಡ ಮುಚ್ಚಿ ಮೇಲೇರಿದವನು

ಅವನನ್ನು ನಾನು ಮೊದಲು ನೋಡಿದ್ದು ಅಮೆರಿಕದ ಏಪೆಕ್ಸ್ ಎಂಬ ಊರಿನ ಕಮ್ಯುನಿಟಿ ಸೆಂಟರಿನ ಒಳಾಂಗಣ ಜಿಮ್‌ನಲ್ಲಿ. ಆ ಊರಿಗೆ ಬಂದು ಎರಡು ವರ್ಷವಾಗಿತ್ತು. ಗಂಡನ ಕೆಲಸದ ಬೆನ್ನಿಗೆ ಬಂದವಳು ನಾನು. ನನ್ನ ವೀಸಾದಲ್ಲಿ ಕೆಲಸ ಮಾಡುವಂತಿರಲಿಲ್ಲ. ಮಗಳನ್ನು ಜಿಮ್ನಾಸ್ಟಿಕ್ಸ್ ಕ್ಲಾಸಿಗೆ ಬಿಟ್ಟು ಕಾರಿಡಾರಿನಲ್ಲಿ ಕಾಯುತ್ತಿದ್ದಾಗ ಪಕ್ಕದ ಬಾಗಿಲಿನಿಂದ ಚೆಂಡಿನ ಸದ್ದು ಕೇಳಿತು. ಬಾಸ್ಕೆಟ್‌ಬಾಲಿನದಲ್ಲ. ಇಣುಕಿ ನೋಡಿದೆ. ಹ್ಯಾಂಡ್‌ಬಾಲ್! ಮೈಸೂರಿನಲ್ಲಿ ಯೂನಿವರ್ಸಿಟಿ ತಂಡಕ್ಕೆ ನಾಲ್ಕು ವರ್ಷ ಆಡಿ, ಮದುವೆಯಾದ ಮೇಲೆ ಕೈಬಿಟ್ಟಿದ್ದ ಆಟ.

ಗೋಲಿನಲ್ಲಿ ನಿಂತಿದ್ದವನು ನಲವತ್ತು ದಾಟಿದ ಈಜಿಪ್ಟಿನವನು. ಬಾಗಿಲು ತುಂಬುವಂಥ ಆಳು. ತನ್ನ ದೇಶದಲ್ಲಿ ದೊಡ್ಡ ಕ್ಲಬ್ಬೊಂದರ ಗೋಲ್‌ಕೀಪರ್ ಆಗಿದ್ದನಂತೆ. ಮಂಡಿ ಕೆಟ್ಟ ಮೇಲೆ ಅಮೆರಿಕಕ್ಕೆ ಬಂದು ಈ ಗಂಡಸರ ಕ್ಲಬ್ ಕಟ್ಟಿದ್ದ. ನಾನೂ ಆಡುತ್ತಿದ್ದೆ ಎಂದೆ. "ಇಂಡಿಯಾದಲ್ಲಿ ಹೆಂಗಸರು ಹ್ಯಾಂಡ್‌ಬಾಲ್ ಆಡ್ತಾರಾ?" ಎಂದು ನಕ್ಕು ಚೆಂಡು ಎಸೆದ. ಚೂಡಿದಾರದಲ್ಲೇ ಓಡಿಹೋಗಿ ಎಡಗಡೆಯ ಮೂಲೆಯಿಂದ ಹೊಡೆದೆ. ಅವನ ಕಾಲಿನ ನಡುವೆಯೇ ಹೋಯಿತು. ಸುತ್ತಲಿದ್ದವರು ಕೂಗಿದರು. ಅವನು ನಗಲಿಲ್ಲ. "ಹತ್ತು ಜನ ಹೆಂಗಸರನ್ನ ಕರ್ಕೊಂಡು ಬಾ, ನಾನು ಕಲಿಸ್ತೀನಿ," ಎಂದ.

ಹನ್ನೊಂದು ಜನರನ್ನು ಕರೆತಂದೆ. ನಮ್ಮ ಅಪಾರ್ಟ್‌ಮೆಂಟಿನವರು, ಇಬ್ಬರು ಸ್ಕೂಲ್ ಟೀಚರ್‌ಗಳು, ಕೆಲವು ಕಾಲೇಜು ಹುಡುಗಿಯರು, ಜೊತೆಗೆ ಹುಬ್ಬಳ್ಳಿಯ ಒಬ್ಬ ಡಾಕ್ಟರ್. "ಏನ್ರೀ, ಮೂವತ್ತೆಂಟು ವರ್ಷದಾಕಿ ನಾ, ಈಗ ಚೆಂಡು ಒಗೀಲೇನು?" ಎಂದು ಬೈಯುತ್ತಲೇ ಬಂದವರು ಆಮೇಲೆ ಒಂದು ಶನಿವಾರವನ್ನೂ ತಪ್ಪಿಸಲಿಲ್ಲ.

ಸುಳ್ಳು ಹೇಳಲಾರೆ, ಅವನಂಥ ಕೋಚ್ ನನಗೆ ಇನ್ನೊಬ್ಬರು ಸಿಕ್ಕಿಲ್ಲ. ಮೂಲೆಯಿಂದ ಹಾರಿದಾಗ ಗೋಲ್‌ಕೀಪರ್ ಮೊದಲು ಕದಲುವವರೆಗೆ ಚೆಂಡು ಬಿಡಬಾರದು ಎನ್ನುವುದನ್ನು ನನ್ನ ಮೈಗೆ ಹತ್ತಿಸಿದವನು ಅವನೇ. ಇದನ್ನು ಒಪ್ಪಿಕೊಳ್ಳುವಾಗ ಈಗಲೂ ಹೊಟ್ಟೆ ಉರಿಯುತ್ತದೆ.

ಮೂರನೇ ವರ್ಷ ಅಟ್ಲಾಂಟಾದ ಟೂರ್ನಮೆಂಟಿಗೆ ಹೋದೆವು. ಅಲ್ಲೇ ಹತ್ತಿರದ ಕಮ್ಮಿಂಗ್‌ನಲ್ಲಿದ್ದ ನನ್ನ ಕಸಿನ್ ಮನೆಯ ಬೇಸ್‌ಮೆಂಟಿನಲ್ಲಿ ಹನ್ನೆರಡು ಜನವೂ ಮಲಗಿ, ಬೆಳಿಗ್ಗೆ ಅವಳು ಮಾಡಿಕೊಟ್ಟ ಅವಲಕ್ಕಿ ತಿಂದು ಆಡಲು ಹೊರಟೆವು. ಎರಡನೇ ಸ್ಥಾನ ಬಂತು. ಮೆಡಲ್ ಹಾಕಿಕೊಂಡು ತೆಗೆಸಿದ ಫೋಟೋದಲ್ಲಿ ಅವನು ನಡುವೆ, ನಾವು ಸುತ್ತ.

ಆ ಫೋಟೋದ ನಂತರವೇ ಅವನು ಬದಲಾದ. ಮೊದಲು ನಮ್ಮ ಭಾಗದ ಹ್ಯಾಂಡ್‌ಬಾಲ್ ಸಮಿತಿಗೆ ಆರಿಸಿಬಂದ, ಆಮೇಲೆ ರಾಷ್ಟ್ರೀಯ ಸಮಿತಿಗೆ. ಟ್ರ್ಯಾಕ್‌ಸೂಟ್ ಹೋಗಿ ಕೋಟು ಬಂತು. ಪ್ರಾಕ್ಟೀಸಿಗೆ ಬಂದರೂ ಫೋನು ಕಿವಿಯಲ್ಲೇ ಇರುತ್ತಿತ್ತು. ಒಂದು ದಿನ, "ಶನಿವಾರದ ಜಿಮ್ ಈ ಸೀಸನ್ ಗಂಡಸರಿಗೆ ಬೇಕು, ನೀವು ಬುಧವಾರ ಮಧ್ಯಾಹ್ನ ಬನ್ನಿ," ಎಂದ. ಬುಧವಾರ ಮಧ್ಯಾಹ್ನ ಯಾರು ಬರುತ್ತಾರೆ? ಟೀಚರ್‌ಗಳಿಗೆ ಸ್ಕೂಲು, ಡಾಕ್ಟರಿಗೆ ಆಸ್ಪತ್ರೆ.

"ಇದು ತಂಡ ಮುಚ್ಚಿದ ಹಾಗೆ," ಎಂದೆ.

"ಒಂದೇ ಸೀಸನ್," ಎಂದ, ಫೋನಿನಿಂದ ಕಣ್ಣು ತೆಗೆಯದೆ.

ಮರುವರ್ಷ ಬುಧವಾರವೂ ಹೋಯಿತು. ಡಾಕ್ಟರ್ ತಮ್ಮ ಶೂ ಡಬ್ಬಕ್ಕೆ ಹಾಕಿ, "ಆತಗ ಮ್ಯಾಲ ಏರಾಕ ನಾವು ಮೆಟ್ಟಲಾಗಿದ್ವಿ, ಅಷ್ಟ," ಎಂದರು.

ಮುಂದಿನ ವಸಂತದಲ್ಲಿ ಶ್ಯಾಂಟಿಲಿ ಎಂಬ ಊರಿನ ಹೋಟೆಲೊಂದರಲ್ಲಿ ರಾಷ್ಟ್ರೀಯ ಸಮಿತಿಯ ವಾರ್ಷಿಕ ಸಭೆ ನಡೆಯಿತು. ಅಂತರರಾಷ್ಟ್ರೀಯ ಸಂಸ್ಥೆಗೆ ಯಾರ ಹೆಸರು ಕಳಿಸಬೇಕೆಂದು ಅಲ್ಲಿ ತೀರ್ಮಾನವಾಗುವುದಿತ್ತು. ಜಿಮ್‌ನ ಸಮಯ ವಾಪಸ್ ಕೇಳೋಣವೆಂದು ನಾನು ಹೊರಟೆ.

"ನಾಲ್ಕೂವರೆ ಗಂಟೆ ಡ್ರೈವ್ ಮಾಡಿ ಹೋಗಿ ಯಾರ ಹತ್ರ ಜಗಳ ಆಡ್ತೀಯಾ? ಬಿಟ್ಹಾಕು," ಎಂದರು ನನ್ನ ಗಂಡ.

"ನೀವು ಮಗಳನ್ನ ನೋಡ್ಕೊಳ್ಳಿ, ಸಾಕು," ಎಂದು ಕಾರು ಹತ್ತಿದೆ.

ಸಭೆಯಲ್ಲಿ ಅವನ ಸರದಿ ಬಂತು. ದೊಡ್ಡ ಪರದೆಯ ಮೇಲೆ ನಮ್ಮ ಅಟ್ಲಾಂಟಾದ ಫೋಟೋ. "ಇದು ನಾನು ಶೂನ್ಯದಿಂದ ಕಟ್ಟಿದ ಮಹಿಳಾ ತಂಡ. ದಿನೇ ದಿನೇ ಬೆಳೀತಿದೆ," ಎಂದ. ಅವನು ಕೇಳುತ್ತಿದ್ದದ್ದು ಮಹಿಳಾ ಹ್ಯಾಂಡ್‌ಬಾಲ್ ಅಭಿವೃದ್ಧಿಯ ಅಂತರರಾಷ್ಟ್ರೀಯ ಸಮಿತಿಯ ಸ್ಥಾನ.

ನಾನು ಎದ್ದು ನಿಂತೆ. "ಆ ಫೋಟೋದಲ್ಲಿ ಎಡಗಡೆ ಮೊದಲನೆಯವಳು ನಾನು. ಈ ತಂಡ ಈಗ ಇಲ್ಲ. ಹೋದ ವರ್ಷ ಇವರೇ ಮುಚ್ಚಿದ್ರು."

ಅವನು ಎರಡೂ ಕೈ ಅಗಲಿಸಿ ನಕ್ಕ. "ನನ್ನ ಹಳೇ ಆಟಗಾರ್ತಿ. ಆಟ ಅಂದ್ರೆ ಇಷ್ಟು ಪ್ರೀತಿ ಇವರಿಗೆ!" ಸಭೆಯೂ ನಕ್ಕಿತು. ಅಧ್ಯಕ್ಷರು ಮುಂದಿನ ವಿಷಯಕ್ಕೆ ಹೋದರು. ಊಟಕ್ಕೆ ಮೊದಲೇ ಅವನ ಹೆಸರು ಪಾಸಾಯಿತು.

ಹೊರಗೆ ಕಾಫಿಯ ಮೇಜಿನ ಹತ್ತಿರ ಅವನೇ ಬಂದ. "ನೀನು ನನಗೆ ಅವಮಾನ ಮಾಡಿದೆ. ಆದ್ರೂ ನನಗೆ ಸಿಟ್ಟಿಲ್ಲ. ನಾನು ಮೇಲೆ ಹೋದ್ರೆ ನಿಮ್ಮಂಥವರಿಗೇ ಒಳ್ಳೇದು."

"ನನ್ನ ಮುಖ ಆ ಫೋಟೋದಿಂದ ತೆಗೀರಿ," ಎಂದೆ.

ಅದೊಂದು ಮಾತು ನಡೆಸಿಕೊಟ್ಟ. ಕೆಲವು ತಿಂಗಳ ನಂತರ ಬಂದ ಸಮಿತಿಯ ಬಣ್ಣದ ಪುಸ್ತಿಕೆಯಲ್ಲಿ ಅದೇ ಫೋಟೋ ಇತ್ತು. ಎಡಗಡೆಯ ಅಂಚನ್ನು ಕತ್ತರಿಸಿದ್ದರು. ನನ್ನ ಎಡ ಮೊಣಕೈ ಮಾತ್ರ ಡಾಕ್ಟರ ಹೆಗಲ ಮೇಲೆ ಉಳಿದಿತ್ತು.

ಆ ಸ್ಥಾನ ಸಿಕ್ಕ ಮೇಲೆ ಅವನು ಊರೂರು ಸುತ್ತಿದ. ಬರುವ ಫೋಟೋಗಳಲ್ಲೆಲ್ಲ ಕತ್ತಿನಲ್ಲಿ ಐಡಿ ಕಾರ್ಡು, ಪಕ್ಕದಲ್ಲಿ ಯಾವುದೋ ದೇಶದ ಮಂತ್ರಿ. ನನಗೂ ಕೆಲಸ ಮಾಡುವ ಪರವಾನಗಿ ಬಂತು, ಆಫೀಸು ಸೇರಿದೆ. ಡಾಕ್ಟರೂ ನಾನೂ ಭಾನುವಾರ ಟೆನಿಸ್ ಕೋರ್ಟಿನ ಗೋಡೆಗೆ ಚೆಂಡು ಹೊಡೆಯುತ್ತಿದ್ದೆವು, ಅಷ್ಟೇ. ತಂಡ ಮತ್ತೆ ಕೂಡಲಿಲ್ಲ.

ನಾಲ್ಕು ವರ್ಷದ ಮೇಲೆ, ಮಗಳಿಗಾಗಿ ಸ್ಕೂಲಿನ ಮುಂದೆ ಕಾರುಗಳ ಸಾಲಿನಲ್ಲಿ ಕಾಯುತ್ತಿದ್ದಾಗ, ಫೋನ್ ಬಂತು. ಅವನ ಧ್ವನಿ ಜೇನಿನಂತಿತ್ತು. ಎರಡನೇ ಅವಧಿಗೆ ನಿಂತಿದ್ದನಂತೆ. ಅವನಿಂದ ಕಲಿತ ಆಟಗಾರ್ತಿಯೊಬ್ಬಳ ಬೆಂಬಲದ ಪತ್ರ ಬೇಕಿತ್ತಂತೆ.

"ನೀವು ನಮ್ಮ ಶನಿವಾರ ಕಿತ್ಕೊಂಡ್ರಿ," ಎಂದೆ.

"ಯಾವ ಶನಿವಾರ?" ಎಂದ.

ನಿಜವಾಗಿಯೂ ಅವನಿಗೆ ನೆನಪಿರಲಿಲ್ಲ. ನಾಟಕವಾಗಿದ್ದರೆ ನನಗೆ ಇಷ್ಟು ಸಿಟ್ಟು ಬರುತ್ತಿರಲಿಲ್ಲವೇನೋ. ಪತ್ರ ಬರೆಯುವುದಿಲ್ಲ ಎಂದು ಫೋನ್ ಇಟ್ಟೆ. ಮಗಳು ಕಾರಿನೊಳಗೆ ಕೂತು ನನ್ನ ಮುಖ ನೋಡಿ, "ಅಮ್ಮಾ, ಆರ್ ಯೂ ಓಕೆ? ಯಾರು ಅದು?" ಎಂದಳು.

"ನಂಗೆ ಆಟ ಕಲಿಸಿದವನು," ಎಂದೆ. ಹಿಂದಿನ ಕಾರಿನವರು ಹಾರ್ನ್ ಹೊಡೆದರು.

ಪತ್ರವನ್ನು ಇನ್ಯಾರೋ ಬರೆದುಕೊಟ್ಟಿರಬೇಕು. ಅವನು ಗೆದ್ದ.