ಫ್ಯಾನ್ ಕಾರ್ಖಾನೆಯ ದೀದಿ ಶಾಸಕಿಯಾದದ್ದು

ಮದುವೆಯಾಗಿ ದೇಶದ ರಾಜಧಾನಿಯ ಜನಕಪುರಿಗೆ ಬಂದ ಮೇಲೆ ನಾನು ಹಿಡಿದ ಮೊದಲ ಕೆಲಸ ಫ್ಯಾನ್ ತಯಾರಿಸುವ ಕಾರ್ಖಾನೆಯೊಂದರಲ್ಲಿ. ಯಜಮಾನರು ಕೇಂದ್ರ ಸರ್ಕಾರದ ಗುಮಾಸ್ತರು. ದಿನವಿಡೀ ಮನೆಯಲ್ಲಿ ಒಬ್ಬಳೇ ಕೂತಿರಲಾರದೆ ಪ್ಯಾಕಿಂಗ್ ವಿಭಾಗಕ್ಕೆ ಸೇರಿಕೊಂಡೆ. ನನ್ನದು ಧಾರವಾಡದ ಶಾಲೆಯಲ್ಲಿ ಕಲಿತ ಪುಸ್ತಕದ ಹಿಂದಿ. ಬಾಯಿ ತೆರೆದರೆ ಅಕ್ಕಪಕ್ಕದವರು ನಗುತ್ತಿದ್ದರು. ನಗದೆ ಕೇಳಿಸಿಕೊಳ್ಳುತ್ತಿದ್ದವರು ಒಬ್ಬರೇ. ಮೋಟಾರಿಗೆ ತಾಮ್ರದ ತಂತಿ ಸುತ್ತುವ ಸಾಲಿನಲ್ಲಿ ಕೂರುತ್ತಿದ್ದ ಅವರು ನನಗಿಂತ ದೊಡ್ಡವರು, ಕಾರ್ಮಿಕ ಸಂಘದ ಕಾರ್ಯದರ್ಶಿ. ಎಲ್ಲರೂ ದೀದಿ ಎನ್ನುತ್ತಿದ್ದರು; ನಾನೂ ಹಾಗೇ ಕರೆದೆ.

ದೀದಿಗೆ ಭಾಷಣ ಒಗ್ಗುತ್ತಿರಲಿಲ್ಲ. ಊಟದ ಬಿಡುವಿನಲ್ಲಿ ಒಬ್ಬೊಬ್ಬರ ಪಕ್ಕ ಕೂತು, ರೊಟ್ಟಿ ಮುರಿಯುತ್ತ ಸಮಾಚಾರ ಕೇಳುವರು. ನನ್ನ ಡಬ್ಬಿಯ ಚಿತ್ರಾನ್ನಕ್ಕೆ ಸಂಕೋಚವಿಲ್ಲದೆ ಕೈಹಾಕುವರು. ಹಾಗೆ ಕೈಹಾಕುತ್ತಲೇ ನನ್ನನ್ನು ಸಂಘದ ಸಮಿತಿಗೂ ಎಳೆದುಕೊಂಡರು.

ಎರಡು ಸಾವಿರದ ದಶಕ ಶುರುವಾದ ಹೊತ್ತಿಗೆ, ವಸತಿ ಪ್ರದೇಶದ ಕಾರ್ಖಾನೆಗಳೆಲ್ಲ ಊರ ಹೊರಗೆ ಹೋಗಬೇಕೆಂದು ಕೋರ್ಟಿನ ಆದೇಶವಾಯಿತು. ನಮ್ಮ ಮಾಲೀಕರು ಹರಿಯಾಣಕ್ಕೆ ಹೊರಟರು. ಒಂದು ಬೆಳಿಗ್ಗೆ ಹೋದರೆ ಗೇಟಿಗೆ ಬೀಗ. ಹುಡುಗರು ಕಲ್ಲು ಎತ್ತಿಕೊಂಡರು. ದೀದಿ ಗೇಟಿಗೆ ಬೆನ್ನುಕೊಟ್ಟು ನಿಂತು, ದನಿ ಏರಿಸದೆ ಹೇಳಿದರು: "ಗಾಜು ಒಡೆದರೆ ನಾಳೆ ಗಾಜಿನ ಮಾತು ನಡೆಯುತ್ತೆ, ನಮ್ಮ ಕೆಲಸದ ಮಾತು ನಡೆಯೋಲ್ಲ."

ಕಲ್ಲು ಕೆಳಗಿಳಿದವು. ವಾರಗಟ್ಟಲೆ ಮಾತುಕತೆ ನಡೆದು, ಹೋಗುವವರಿಗೆ ಕೆಲಸ ಮತ್ತು ಬಸ್ಸು, ಉಳಿಯುವವರಿಗೆ ಪರಿಹಾರ ಎಂದು ತೀರ್ಮಾನವಾಯಿತು. ದೀದಿಗೆ ಮಾತ್ರ ಹೊಸ ಜಾಗದಲ್ಲಿ ಕೆಲಸ ಕೊಡಲಿಲ್ಲ. ನಾವು ಮತ್ತೆ ಜಗಳಕ್ಕೆ ಇಳಿಯೋಣವೆಂದೆವು. ಅವರು ಬೇಡವೆಂದರು, ಒಬ್ಬಳಿಗಾಗಿ ಎಳೆದಾಡಿದರೆ ಎಲ್ಲರ ಒಪ್ಪಂದವೂ ಹರಿದುಹೋಗುತ್ತದೆ ಎಂಬುದು ಅವರ ಲೆಕ್ಕ.

ಮಗಳಿನ್ನೂ ಚಿಕ್ಕವಳಾದ್ದರಿಂದ ನಾನು ಮನೆಯಲ್ಲೇ ಉಳಿದೆ. ದೀದಿ ಗಂಡನ ಟೈಲರಿಂಗ್ ಅಂಗಡಿಯಲ್ಲಿ ಕೂತರು. ಆಸ್ಪತ್ರೆ, ರೇಷನ್, ಶಾಲೆ ಎಂದು ಜನ ಅಲ್ಲಿಗೂ ಬಂದರು. ಅದನ್ನು ನೋಡಿ ಪಕ್ಷವೊಂದು ವಿಧಾನಸಭೆಗೆ ಟಿಕೆಟ್ ಕೊಟ್ಟಿತು. ಪ್ರಚಾರಕ್ಕೆ ಕನ್ನಡಿಗರ ಮನೆಗಳು ನನ್ನ ಪಾಲಿಗೆ ಬಂದವು. ನಿವೃತ್ತ ಅಧಿಕಾರಿಯೊಬ್ಬರು ಕಾಫಿ ಕೊಟ್ಟು, ದೀದಿಯ ಮುಂದೆಯೇ ನನಗೆ ಕನ್ನಡದಲ್ಲಿ ಹೇಳಿದರು: "ಯೂನಿಯನ್ನಿನವರಿಗೆ ಕೆಲಸ ನಿಲ್ಲಿಸೋದು ಗೊತ್ತಮ್ಮ, ನಡೆಸೋದು ಗೊತ್ತಿಲ್ಲ." ಏನಂದರೆಂದು ದೀದಿ ಕೇಳಿದಾಗ ಮುಚ್ಚಿಡದೆ ಹಿಂದಿಯಲ್ಲಿ ಹೇಳಿದೆ. ಅವರು ನಕ್ಕು, ಕಾಲೊನಿಯಲ್ಲಿ ಏನೇನು ನಿಂತುಹೋಗಿದೆ ಎಂದು ಆ ಹಿರಿಯರನ್ನೇ ಕೇಳಿದರು. ಒಂದು ಗಂಟೆ ನೀರಿನ ಪೈಪಿನ ಕಥೆ ಕೇಳಿಸಿಕೊಂಡರು. ಚುನಾವಣೆಯಲ್ಲಿ ಸೋತರು. ಆದರೆ ನೀರು ಬರುವವರೆಗೂ ಪೈಪಿನ ಬೆನ್ನು ಬಿಡಲಿಲ್ಲ. ಮುಂದಿನ ಸಲ ಆ ಹಿರಿಯರೇ ನಮ್ಮ ಜೊತೆ ಮನೆಮನೆ ಸುತ್ತಿದರು, ದೀದಿ ಗೆದ್ದರು.

ಗೆದ್ದ ಮರುವರ್ಷದ ಚಳಿಗಾಲದಲ್ಲಿ ನಾನು ಅವರ ಮನೆಯಲ್ಲಿದ್ದಾಗಲೇ ಹೊರಗೆ ಘೋಷಣೆ ಕೇಳಿಸಿತು. ಮನೆಗೆಲಸದ ಹೆಂಗಸರು ನೆರೆದಿದ್ದರು. ಮಕ್ಕಳನ್ನು ಒಳಗೆ ಕೂಡಿಹಾಕಿ ದುಡಿಯಲು ಹೋಗುತ್ತಿದ್ದವರು. ಶಿಶುವಿಹಾರ ಬೇಕೆಂದು ತಿಂಗಳುಗಳಿಂದ ಅಲೆಯುತ್ತಿದ್ದರು. ಪಕ್ಷದ ಹುಡುಗನೊಬ್ಬ ಪೊಲೀಸರಿಗೆ ಫೋನ್ ಮಾಡಲೇ ಎಂದ. ದೀದಿ ಶಾಲು ಹೊದ್ದು ಹೊರಗೆ ಹೋಗಿ, ಅವರು ಹಾಸಿದ್ದ ಜಮಖಾನದ ಮೇಲೆಯೇ ಕೂತರು.

"ನೀವೂ ಬದಲಾಗಿಬಿಟ್ರಿ ದೀದಿ," ಎಂದಳು ಒಬ್ಬಳು.

ದೀದಿ ಅವಳತ್ತ ತಿರುಗಿ ಕೂತರು. "ಆಗಿರಬಹುದು. ಅಚ್ಛಾ, ಬಂದಿದ್ದು ಒಳ್ಳೇದಾಯ್ತು. ಈಗ ಮೊದಲಿಂದ ಹೇಳಿ."

ಅವರು ಹೇಳಿದರು. ಮಧ್ಯಾಹ್ನದವರೆಗೂ ದೀದಿ ಎದ್ದು ಬರಲಿಲ್ಲ. ಆಮೇಲೆ ತಮ್ಮದೇ ಸರ್ಕಾರವನ್ನು ಸದನದಲ್ಲಿ ಪ್ರಶ್ನಿಸಿದರು. ಹಿರಿಯ ನಾಯಕರು ಮುನಿಸಿಕೊಂಡರು. ಮಂತ್ರಿಯಾಗುವ ಅವಕಾಶ ಹೀಗೇ ತಪ್ಪಿತೆಂದು ಜನ ಆಡಿಕೊಂಡರು. ನಾನು ಕೇಳಿದಾಗ, ಮಂತ್ರಿ ಮಾಡುತ್ತೇವೆಂದು ನಾಯಕರೇನೂ ಹೇಳಿರಲಿಲ್ಲವಲ್ಲ ಎಂದಷ್ಟೇ ದೀದಿ ಅಂದರು. ಆದರೂ ಅವರಿಗೆ ಬೇಸರವಾಗಿತ್ತು, ಮುಖದಲ್ಲಿ ಕಾಣುತ್ತಿತ್ತು.

ಬೀಗ ಬಿದ್ದಿದ್ದ ಸಮುದಾಯ ಭವನವೊಂದು ಕೊನೆಗೂ ಶಿಶುವಿಹಾರವಾಯಿತು. ಮಗಳು ಅಷ್ಟರಲ್ಲಿ ಶಾಲೆಯಲ್ಲಿ ದೊಡ್ಡ ತರಗತಿಗೆ ಬಂದಿದ್ದರಿಂದ ನಾನು ಅಲ್ಲಿ ಮೇಲ್ವಿಚಾರಕಿಯಾಗಿ ಸೇರಿದೆ. "ಮಮ್ಮೀ, ನೀನು ಅಲ್ಲಿ ಟೀಚರ್ ಹೋ ಕ್ಯಾ?" ಎಂದು ಮಗಳು ತನ್ನ ಕಲಬೆರಕೆ ಕನ್ನಡದಲ್ಲಿ ಕೇಳುತ್ತಿದ್ದಳು. ಹೌದೆನ್ನಲು ಹೆಮ್ಮೆಯಾಗುತ್ತಿತ್ತು.

ಮತ್ತೊಂದು ಚುನಾವಣೆ ಬಂತು. ಬಸ್ ಮಾರ್ಗ ಕೊಡಿಸಲಾಗಲಿಲ್ಲವೆಂದು ಕೆಲವರು ಸಿಟ್ಟಾಗಿದ್ದರು. ದೀದಿ ಕಡಿಮೆ ಅಂತರದಲ್ಲಿ ಗೆದ್ದರು. ಮರುದಿನ ಶಿಶುವಿಹಾರಕ್ಕೆ ಬಂದಾಗ ಹೆಂಗಸರು ಹಾರ ಹಿಡಿದು ಕಾದಿದ್ದರು. ಮಕ್ಕಳು ಮಲಗಿದ್ದರಿಂದ ದೀದಿ ಕೈಸನ್ನೆಯಲ್ಲೇ ಎಲ್ಲರನ್ನೂ ಸುಮ್ಮನಿರಿಸಿ, ಚಪ್ಪಲಿ ಕೈಯಲ್ಲಿ ಹಿಡಿದು ಹಿಂಭಾಗಕ್ಕೆ ನಡೆದರು. ಅಲ್ಲೊಂದು ಕೋಣೆ ಖಾಲಿ ಬಿದ್ದಿತ್ತು. ಅದನ್ನು ಇಣುಕಿ ನೋಡಿ, ಇಲ್ಲಿ ಇನ್ನೆಷ್ಟು ಮಕ್ಕಳು ಹಿಡಿದಾರೆಂದು ನನ್ನ ಕಿವಿಯಲ್ಲಿ ಕೇಳಿದರು.