ಶ್ರೀಪತಿಯ ಕೊನೆಯ ನಾಮಪತ್ರ

ಶ್ರೀಪತಿ ಘೋರುಯಿ ಹೆಸರು ಮಾಡಿದ್ದು ಮಾತಿನಿಂದಲ್ಲ, ಅಕ್ಷರದಿಂದ. ನಮ್ಮ ಶಿಮುಲ್ಡಿಯಲ್ಲಿ ಚುನಾವಣೆ ಅಂದರೆ ಗೋಡೆ. ಮತದಾನಕ್ಕೆ ಆರು ತಿಂಗಳಿರುವಾಗಲೇ ಪಕ್ಷದವರು ಊರಿನ ಗೋಡೆಗಳಿಗೆ ಸುಣ್ಣ ಬಳಿದು, ಇದು ನಮ್ಮದು ಎಂದು ಮೂಲೆಯಲ್ಲಿ ಬರೆದುಬಿಡಬೇಕು. ಮನೆಯವರನ್ನು ಕೇಳುವ ಪದ್ಧತಿಯಿಲ್ಲ. ಹತ್ತೊಂಬತ್ತರ ವಯಸ್ಸಿನಲ್ಲಿ ಶ್ರೀಪತಿದಾ, ಅಂದರೆ ನಮ್ಮ ಶ್ರೀಪತಿ ಅಣ್ಣ, ಏಣಿ ಹತ್ತಿ ಬರೆದ ಅಕ್ಷರಗಳನ್ನು ನೋಡಲು ಎದುರು ಪಕ್ಷದವರೂ ಬಂದು ನಿಲ್ಲುತ್ತಿದ್ದರು. ಪಕ್ಕದ ಮನೆಯವನಾದ ನಾನು ಕೆಳಗೆ ಏಣಿ ಹಿಡಿದಿರುತ್ತಿದ್ದೆ. ಅವನಿಗಿಂತ ಮೂರು ವರ್ಷ ಚಿಕ್ಕವನು, ಬುದ್ಧಿಯಲ್ಲಿ ಇನ್ನೂ ಚಿಕ್ಕವನು.

ಗೋಡೆಯಿಂದ ಸಭೆಗೆ, ಸಭೆಯಿಂದ ಪಂಚಾಯಿತಿಗೆ ಬಂದ. ಮೂರು ಸಲ ಸದಸ್ಯ, ಕೊನೆಯ ಸಲ ಅಧ್ಯಕ್ಷ. ಕೊಳವೆ ಬಾವಿ ಹಾಕಿಸಿದ, ಶಾಲೆಗೆ ಚಾವಣಿ ಹಾಕಿಸಿದ. ಗಂಡ ಹೆಂಡಿರ ಜಗಳ, ಕೆರೆಯ ಪಾಲು, ಬಾತುಕೋಳಿ ಕದ್ದವನ ವಿಚಾರಣೆ ಎಲ್ಲಕ್ಕೂ ಅವನೇ ಬೇಕು. ಕೈ ಶುದ್ಧ ಅನ್ನುವುದು ಅವನ ಹೆಮ್ಮೆ. ನಾನೂ ಬಹಳ ಕಾಲ ಹಾಗೇ ಹೇಳಿಕೊಂಡು ತಿರುಗಿದೆ.

ಆದರೆ ಅಧ್ಯಕ್ಷನಾದ ಆ ಸಲ ಅವನ ಎದುರು ಕಣದಲ್ಲಿ ಯಾರೂ ಉಳಿದಿರಲಿಲ್ಲ. ನಿಂತಿದ್ದವನು ಒಬ್ಬ, ನೇಕಾರ ಮಾಧವ್ ಗುಯಿನ್. ಒಂದು ಬೆಳಿಗ್ಗೆ ಅವನ ಹೊಸ್ತಿಲ ಮೇಲೆ ಅಂಚಿಲ್ಲದ ಬಿಳಿ ಸೀರೆ, ಸುಗಂಧರಾಜ ಹೂವಿನ ಹಾರ, ಒಂದು ಡಬ್ಬಿ ಮಿಠಾಯಿ ಇದ್ದವು. ವಿಧವೆಯ ಸೀರೆ. ಇದನ್ನು ಯಾರಿಗೂ ಬಿಡಿಸಿ ಹೇಳಬೇಕಿಲ್ಲ. ಹೆಂಡತಿಗೆ ಬೇಕಾಗುತ್ತದೆ, ಇಟ್ಟುಕೋ ಎಂದರ್ಥ. ಮಾಧವ್ ಅದೇ ದಿನ ನಾಮಪತ್ರ ವಾಪಸು ತೆಗೆದುಕೊಂಡ. ಚಹದಂಗಡಿಯಲ್ಲಿ ಕೂತು ನಾವು ನಕ್ಕೆವು. ಶ್ರೀಪತಿದಾ ಮಂಡಕ್ಕಿ ಮೆಲ್ಲುತ್ತ, "ನಾನೇನು ಅವನನ್ನ ಹೊಡೆದ್ನೇನೋ? ಬಟ್ಟೆ ಕೊಟ್ಟೆ, ಮಿಠಾಯಿ ಕೊಟ್ಟೆ," ಅಂದ. ನನಗೆ ಅಂದು ನಗು ಬಂದದ್ದು ನಿಜ. ಈಗ ನೆನೆದರೆ ನನ್ನ ಮೇಲೆ ನನಗೇ ಹೇಸಿಗೆಯಾಗುತ್ತದೆ.

ಆಮೇಲೆ ರಾಜ್ಯದಲ್ಲಿ ಸರಕಾರ ಬದಲಾಯಿತು. ಗಾಳಿ ಬಂದಾಗ ತೂರಿಕೊಳ್ಳುವವರು ನಮ್ಮಲ್ಲೇನು ಕಡಿಮೆಯೇ? ಒಂದೇ ಚಳಿಗಾಲದಲ್ಲಿ ಪಕ್ಷದ ಕಚೇರಿ ಖಾಲಿಯಾಯಿತು. ಶ್ರೀಪತಿದಾ ಕೈಹಿಡಿದು ಬೆಳೆಸಿದ್ದ ಗೌರಾಂಗ ಪಾಂಜಾ ಎಲ್ಲರಿಗಿಂತ ಮೊದಲು ಗೆದ್ದ ಪಕ್ಷಕ್ಕೆ ಹೋಗಿ, ಎಲ್ಲರಿಗಿಂತ ಬೇಗ ಅಲ್ಲಿ ಮುಖಂಡನಾದ. ಶ್ರೀಪತಿದಾ ಮಾತ್ರ ಹೋಗಲಿಲ್ಲ. ಎರಡು ಚುನಾವಣೆ ಮನೆಯಲ್ಲೇ ಕೂತ. ಮೂರನೆಯದಕ್ಕೆ, ಅರವತ್ತೊಂದನೆಯ ವಯಸ್ಸಿನಲ್ಲಿ, ಹಳೆಯ ಪಕ್ಷದಿಂದ ನಾಮಪತ್ರ ಹಾಕಿದ. ಹತ್ತು ಹಳ್ಳಿಗಳಲ್ಲಿ ಎದುರು ನಿಂತವನು ಅವನೊಬ್ಬನೇ.

ಅಂದಿನಿಂದ ಚಹದಂಗಡಿಯಲ್ಲಿ ಅವನು ಕೂತ ಬೆಂಚು ಖಾಲಿಯಾಗತೊಡಗಿತು. ಕ್ಷೌರಿಕ ಬರಲಿಲ್ಲ, ಹಾಲಿನವಳು ಬರಲಿಲ್ಲ. ಮೋಟಾರ್ ಸೈಕಲ್ಲುಗಳು ಮನೆಯ ಮುಂದೆ ನಿಧಾನಿಸಿ, ಏನೂ ಮಾತಾಡದೆ ಮುಂದೆ ಹೋಗುತ್ತಿದ್ದವು. ಅವನ ಗೋಡೆಯ ಮೇಲೇ ಗೌರಾಂಗನ ಹೆಸರು ಬಂತು.

ನಾಮಪತ್ರ ವಾಪಸು ಪಡೆಯುವ ಕೊನೆಯ ದಿನ ಬೆಳಿಗ್ಗೆ ಅವನ ಹೆಂಡತಿ ಚಾಪಾ ಬಾಗಿಲು ತೆರೆದಳು. ಹೊಸ್ತಿಲ ಮೇಲೆ ಬಿಳಿ ಸೀರೆ, ಹಾರ, ಮಿಠಾಯಿ.

ನಾನು ಹೋಗುವಷ್ಟರಲ್ಲಿ ಶ್ರೀಪತಿದಾ ಜಗಲಿಯ ಮೇಲೆ ಕೂತು ಬೀಡಿ ಹಚ್ಚಲು ನೋಡುತ್ತಿದ್ದ. ಕಡ್ಡಿ ಆರಿಹೋಗುತ್ತಿತ್ತು.

"ಹೆದರ್ಸೋಕೆ ಇಟ್ಟಿದಾರೆ. ನನಗೆ ಗೊತ್ತಿಲ್ವಾ?" ಅಂದ.

"ನಿಮಗೆ ಗೊತ್ತಿಲ್ದೆ ಇನ್ಯಾರಿಗೆ ಗೊತ್ತಿರುತ್ತೆ?" ಎಂದು ಒಳಗಿನಿಂದ ಬೌದಿ ಕೇಳಿದಳು. ನಮ್ಮಲ್ಲಿ ಅತ್ತಿಗೆಯನ್ನು ಹಾಗೇ ಕರೆಯುವುದು. "ಮಾಧವನ ಹೆಂಡತಿ ಆವತ್ತು ಕೆರೆ ಮೆಟ್ಟಿಲ ಮೇಲೆ ಕೂತು ನಡುಗ್ತಿದ್ಲು. ನಾನೇ ನೀರು ಕುಡಿಸ್ದೆ. ಕಳ್ಸಿದ್ದು ಯಾರು ಅಂತ ಗೊತ್ತಿದ್ದೂ ಬಾಯಿ ಮುಚ್ಕೊಂಡಿದ್ದೆ."

ಶ್ರೀಪತಿದಾ ಇನ್ನೊಂದು ಕಡ್ಡಿ ಗೀರಿದ.

ಅವಳು ಹೊರಗೆ ಬಂದಳು. ಆ ಬಿಳಿ ಸೀರೆಯನ್ನೇ ಉಟ್ಟಿದ್ದಳು. ಬೈತಲೆಯಲ್ಲಿ ಕುಂಕುಮ ಹಾಗೇ ಇತ್ತು, ಕೈಯಲ್ಲಿ ಮುತ್ತೈದೆಯ ಶಂಖದ ಬಳೆಯೂ ಇತ್ತು. ಗಂಡ ಬದುಕಿರುವಾಗ ಆ ಬಟ್ಟೆ ಮುಟ್ಟಲೂ ಹೆಂಗಸರು ಹೆದರುತ್ತಾರೆ.

"ಹುಚ್ಚು ಹಿಡೀತಾ ನಿನಗೆ? ತೆಗಿ ಅದನ್ನ," ಅಂದ ಶ್ರೀಪತಿದಾ.

"ಕೊಟ್ಟೋರು ಕಣ್ತುಂಬ ನೋಡ್ಲಿ. ಮೂರು ಗಂಟೆಗೆ ವಾಪಸಿನ ಗಡುವು ಮುಗಿದು ಚಿಹ್ನೆ ಹಂಚ್ತಾರೆ ಅಂದ್ರಲ್ಲ, ನಡೀರಿ. ಅಲ್ಲೀವರೆಗೂ ನಾನು ನಿಮ್ಮ ಪಕ್ಕದಲ್ಲೇ ಇರ್ತೀನಿ. ಹೊಡೆಯೋದಾದ್ರೆ ನನ್ನೆದುರಿಗೆ ಹೊಡೀಲಿ."

ನಾಮಪತ್ರ ತೆಗೆದುಕೊಳ್ಳುವ ಬ್ಲಾಕ್ ಕಚೇರಿಗೆ ಎರಡು ಮೈಲಿ. ಮೂವರೂ ನಡೆದೇ ಹೋದೆವು. ದಾರಿಯಲ್ಲಿ ಬಾಗಿಲುಗಳು ತೆರೆದು ಮತ್ತೆ ಮುಚ್ಚಿಕೊಂಡವು. ಒಬ್ಬ ಮುದುಕಿ ಸೆರಗನ್ನು ಬಾಯಿಗೆ ಒತ್ತಿಕೊಂಡು, "ಅಯ್ಯೋ, ಶ್ರೀಪತಿ ಹೋದ್ನಾ?" ಎಂದು ಗೊಣಗಿದಳು. ಅವನು ಎದುರಿಗೇ ನಡೆಯುತ್ತಿದ್ದ. ಅವಳು ನೋಡಿದ್ದು ಸೀರೆಯನ್ನು ಮಾತ್ರ. ಆ ಮಾತು ಕೇಳಿದ ಮೇಲೆ ಅವನ ಹೆಜ್ಜೆ ಬದಲಾಯಿತು. ನಾನು ಗಮನಿಸಿದೆ, ಬೌದಿ ಗಮನಿಸಲಿಲ್ಲ.

ಕಚೇರಿಯ ಗೇಟಿನಲ್ಲಿ ನಲವತ್ತು ಜನ ಬಿದಿರು ಕೋಲು ಹಿಡಿದು ನಿಂತಿದ್ದರು. ಬೌದಿಯನ್ನು ಕಂಡು ಕೋಲುಗಳು ಕೆಳಗಿಳಿದವು. ಗೌರಾಂಗ ಮುಂದೆ ಬಂದ. ಅವಳನ್ನು ಚಿಕ್ಕಮ್ಮ ಎಂದು ಕರೆಯುತ್ತ, ಅವಳ ಕೈಯ ಅನ್ನ ಉಂಡು ಬೆಳೆದವನು.

"ಕಾಕಿಮಾ, ಇದೆಲ್ಲ ಯಾಕೆ? ಅದನ್ನ ಬಿಚ್ಚಾಕಿ. ಕೈ ಮುಗೀತೀನಿ."

"ಯಾಕಪ್ಪ? ನೀನೇ ಆರಿಸಿದ್ದಲ್ವಾ? ನನಗೆ ಚೆನ್ನಾಗಿ ಕಾಣಲ್ವಾ?"

ಗೌರಾಂಗ ತಲೆ ತಗ್ಗಿಸಿದ. ಜನ ಎರಡು ಪಾಲಾಗಿ ದಾರಿ ಬಿಟ್ಟರು. ನಲವತ್ತು ಗಂಡಸರನ್ನು ಒಬ್ಬ ಹೆಂಗಸು ಒಂದು ಸೀರೆಯಿಂದ ಸೋಲಿಸಿದ್ದನ್ನು ನಾನು ಕಣ್ಣಾರೆ ಕಂಡೆ. ಗೆದ್ದೆವು ಅಂದುಕೊಂಡೆ. ಒಳಗೆ ಹೋಗಿ ಕಾದು ಕೂತೆವು. ಗೋಡೆ ಗಡಿಯಾರದಲ್ಲಿ ಎರಡೂ ಮುಕ್ಕಾಲಾಯಿತು. ಇನ್ನು ಹದಿನೈದು ನಿಮಿಷ ಸುಮ್ಮನೆ ಕೂತರೆ ಸಾಕಿತ್ತು.

ಶ್ರೀಪತಿದಾ ಬೆಂಚಿನ ಮೇಲೆ ಕೂತು ಹೆಂಡತಿಯನ್ನೇ ನೋಡುತ್ತಿದ್ದ. ಮುಖ, ಬಳೆ, ಕುಂಕುಮ ಯಾವುದೂ ಅವನಿಗೆ ಕಾಣುತ್ತಿರಲಿಲ್ಲ ಅನಿಸುತ್ತದೆ. ತಾನು ಸತ್ತ ಮಾರನೆಯ ದಿನವನ್ನೇ ಕೂತು ನೋಡುತ್ತಿದ್ದ. ಎದ್ದ. ನೇರ ಮೇಜಿನ ಹತ್ತಿರ ಹೋಗಿ, "ವಾಪಸಿನ ಅರ್ಜಿ ಕೊಡಿ," ಅಂದ.

"ದಾದಾ, ಬೇಡ," ಎಂದು ನಾನು ಅವನ ತೋಳು ಹಿಡಿದೆ.

"ಬಿಡೋ. ಅವಳನ್ನ ಹಾಗೆ ನೋಡೋಕೆ ನನ್ನಿಂದ ಆಗಲ್ಲ."

ಸಹಿ ಮಾಡಿದ. ಅದೂ ಆ ಸುಂದರ ಅಕ್ಷರದಲ್ಲಿ. ಹೊರಗೆ ಪಟಾಕಿ ಹೊಡೆದರು. ಬೌದಿ ಅಳಲಿಲ್ಲ, ಬೈಯಲಿಲ್ಲ. ನಮ್ಮಿಬ್ಬರನ್ನೂ ಕಾಯದೆ ಮನೆಗೆ ನಡೆದಳು.

ಶ್ರೀಪತಿದಾ ಬದುಕಿದ್ದಾನೆ. ಹಾಲಿನವಳು ಬರುತ್ತಾಳೆ, ಕ್ಷೌರಿಕ ಬರುತ್ತಾನೆ, ಗೌರಾಂಗ ದುರ್ಗಾಪೂಜೆಗೆ ಧೋತಿ ಕಳಿಸುತ್ತಾನೆ. ಎಂಟು ದಿನದ ಹಿಂದೆ ಮಧ್ಯಾಹ್ನ ಏನೋ ಕೆಲಸಕ್ಕೆ ಹೋದ ನನ್ನನ್ನು ಶ್ರೀಪತಿದಾ ಊಟಕ್ಕೆ ಕೂರಿಸಿಕೊಂಡ. ಬೌದಿ ಬಡಿಸಿದಳು. ಮೈಮೇಲೆ ಬಿಳಿ ಸೀರೆ, ಕೈ ಬರಿದು. ಸಾಸಿವೆ ಅರೆದು ಮಾಡಿದ ರೋಹು ಮೀನು, ಅವನಿಗೆ ದೊಡ್ಡ ತುಂಡು, ನನಗೊಂದು. ಮೂಲೆಯ ಬೇರೆ ಒಲೆಯ ಮೇಲೆ ಸಣ್ಣ ಪಾತ್ರೆಯಲ್ಲಿ ಅಕ್ಕಿ, ಹಸಿ ಬಾಳೆಕಾಯಿ ಬೇಯುತ್ತಿದ್ದವು, ಉಪ್ಪು ಅರಿಶಿನ ಬಿಟ್ಟರೆ ಇನ್ನೇನಿಲ್ಲ. ಅದು ಮೀನು ಮುಟ್ಟದ ನಮ್ಮ ವಿಧವೆಯರ ಊಟ.

"ಬೌದಿ, ನಿನಗೆ ಮೀನು?" ಎಂದು ಬಾಯಿ ತಪ್ಪಿ ಕೇಳಿಬಿಟ್ಟೆ.

"ನಾನು ಹೇಗೆ ತಿನ್ಲಿ, ಠಾಕುರ್‌ಪೋ?" ಅಂದಳು, ಮೈದುನನಿಗೆ ಹೇಳುವ ಮೆಲುದನಿಯಲ್ಲಿ. "ನೀನೂ ಅವತ್ತು ಅಲ್ಲೇ ಇದ್ದೆಯಲ್ಲ."

ಶ್ರೀಪತಿದಾ ತಲೆಯೆತ್ತದೆ ಮುಳ್ಳು ಬಿಡಿಸುತ್ತಿದ್ದ.