ರೀಲಕ್ಕನ ಒಂಬತ್ತು ಸೆಕೆಂಡು

ಸರ್ಕಾರಿ ಸುದ್ದಿಚಿತ್ರಗಳ ಉಗ್ರಾಣದಲ್ಲಿ ಆಕೆಯನ್ನು ಎಲ್ಲರೂ ಕರೆಯುತ್ತಿದ್ದದ್ದು ರೀಲಕ್ಕ ಎಂದೇ. ಹರಿದ ರೀಲು ಅಂಟಿಸುವುದು, ಬೂಷ್ಟು ಒರೆಸುವುದು, ಡಬ್ಬಿಗೆ ಚೀಟಿ ಹಚ್ಚುವುದು. ಮೂವತ್ತೊಂದು ವರ್ಷ ಕಿಟಕಿಯಿಲ್ಲದ ಆ ಕೋಣೆಯಲ್ಲಿ ಅದೇ ಕೆಲಸ. "ಬಿಸಿಲು ಬಿದ್ರೆ ರೀಲೂ ಕೆಡುತ್ತೆ, ನಾನೂ ಕೆಡ್ತೀನಿ" ಎಂದು ನಗುತ್ತಿದ್ದಳು. ಜೊತೆಗೆ ನಗಲು ಯಾರೂ ಇರುತ್ತಿರಲಿಲ್ಲ.

ಆಕೆ ಕೆಲಸಕ್ಕೆ ಸೇರುವುದಕ್ಕೆ ಮೂರು ವರ್ಷ ಮೊದಲು ಊರ ಚೌಕದಲ್ಲಿ ವಿದ್ಯಾರ್ಥಿಗಳ ಮೆರವಣಿಗೆಯ ಮೇಲೆ ಗುಂಡು ಹಾರಿತ್ತು. ಅವತ್ತು ಮೆರವಣಿಗೆಗೆಂದು ಹೊರಟ ಆಕೆಯ ತಮ್ಮ ವಾಪಸು ಬರಲಿಲ್ಲ. "ಗಡಿ ದಾಟಿ ಓಡಿಹೋಗಿದ್ದಾನೆ" ಎಂದು ಪೊಲೀಸರು ಕೈ ತೊಳೆದುಕೊಂಡರು. ಅಮ್ಮ ಅದನ್ನೇ ನಂಬಿ ಅಂಚೆಯವನ ದಾರಿ ಕಾಯತೊಡಗಿದಳು.

ಸೇರಿದ ಮರುವರ್ಷ, ಗುಂಡು ಹಾರಿದ ದಿನದ ರೀಲೊಂದನ್ನು ತಿರುಗಿಸಿ ನೋಡುತ್ತಿದ್ದ ರೀಲಕ್ಕ ಒಂದು ಕಡೆ ನಿಲ್ಲಿಸಿ, ಹಿಂದಕ್ಕೆ ಸುತ್ತಿ ಮತ್ತೆ ನೋಡಿದಳು. ಒಂಬತ್ತೇ ಸೆಕೆಂಡು. ಇಬ್ಬರು ಪೊಲೀಸರು ತಮ್ಮನನ್ನು ವ್ಯಾನಿಗೆ ಹತ್ತಿಸುತ್ತಿದ್ದಾರೆ. ಮೈಮೇಲೆ ಒಂದು ಗಾಯವೂ ಇಲ್ಲ. ಓಡಿಹೋದವನಲ್ಲ, ಹಿಡಿದೊಯ್ದದ್ದು. ಹೇಳಿದರೆ ಅಮ್ಮನ ಆಸೆ ಹೋಗುತ್ತೆ, ಕೆಲಸವೂ ಹೋಗುತ್ತೆ. ಬಾಯಿಗೆ ಬೀಗ ಹಾಕಿಕೊಂಡಳು. ಅಮ್ಮ ತೀರಿಕೊಂಡ ಮೇಲೂ ಬಾಯಿ ಬಿಡಲಿಲ್ಲ. ಅಷ್ಟರಲ್ಲಿ ಮಾತಾಡುವ ಅಭ್ಯಾಸವೇ ತಪ್ಪಿಹೋಗಿತ್ತು. ಆಗೊಮ್ಮೆ ಈಗೊಮ್ಮೆ, ಕಚೇರಿಯವರೆಲ್ಲ ಊಟಕ್ಕೆ ಎದ್ದು ಹೋದಾಗ, ಬಾಗಿಲು ಹಾಕಿಕೊಂಡು ತಮ್ಮನನ್ನು ನೋಡುವಳು.

ನಿವೃತ್ತಿಗೆ ಮುಂಚಿನ ವರ್ಷ ಸಾಕ್ಷ್ಯಚಿತ್ರ ಮಾಡುವ ತರುಣಿಯೊಬ್ಬಳು ಬಂದು ಆ ದಿನದ ರೀಲುಗಳನ್ನೆಲ್ಲ ಹಾಕಿಸಿ ನೋಡಿದಳು.

"ಎಷ್ಟೊಂದು ಮುಖ ಇವೆ ಅಕ್ಕಾ, ಒಬ್ಬರ ಗುರುತೂ ಸಿಕ್ತಿಲ್ಲ."

"ಇವನು ನನ್ನ ತಮ್ಮ" ಎಂದಳು ರೀಲಕ್ಕ, ವ್ಯಾನು ಹತ್ತುತ್ತಿದ್ದವನತ್ತ ಬೆರಳು ತೋರಿಸಿ.

ತರುಣಿ ಗಾಬರಿಯಾದಳು. "ಇಷ್ಟು ವರ್ಷ ಯಾರಿಗೂ ಹೇಳ್ಲಿಲ್ವಾ?"

"ಯಾರು ಕೇಳಿದ್ರು?"

ಆಮೇಲೆ ಕ್ಯಾಮೆರಾ ಮುಂದೆ ಕೂತು ಎಲ್ಲವನ್ನೂ ಹೇಳಿದಳು. ಒಂದೇ ಷರತ್ತು: "ಆ ಒಂಬತ್ತು ಸೆಕೆಂಡಿಗೆ ಸಂಗೀತ ಹಾಕ್ಬೇಡ, ನಿಧಾನ ಮಾಡ್ಬೇಡ. ಅವನು ಹೇಗೆ ಹತ್ತಿದ್ನೋ ಹಾಗೇ ಇರ್ಲಿ."

ಚಿತ್ರದ ಮೊದಲ ಪ್ರದರ್ಶನ ಮಧ್ಯಾಹ್ನ ನಡೆಯಿತು. ಜನ ಚದುರಿದ ಮೇಲೆ ನರೆತ ತಲೆಯ ಒಬ್ಬಾತ ಹಿಂದಿನ ಸಾಲಿನಿಂದ ಎದ್ದು ಬಂದ.

"ಆ ವ್ಯಾನಲ್ಲಿ ನಾನೂ ಇದ್ದೆ, ಅಕ್ಕಾ. ನನ್ನನ್ನ ಸೇತುವೆ ಹತ್ರ ಹೊರಕ್ಕೆ ತಳ್ಳಿಬಿಟ್ರು. ಅವನನ್ನ ಇಳಿಸಲಿಲ್ಲ."

ರೀಲಕ್ಕ ಅವನಿಗೆ ಪಕ್ಕದ ಕುರ್ಚಿ ತೋರಿಸಿದಳು. "ಹೆದರಿದ್ನಾ?"

"ಹೆದರಿದ್ದ. ನಾನು ಅಳ್ತಿದ್ದೆ ಅಂತ ನನ್ನ ಕೈ ಹಿಡ್ಕೊಂಡಿದ್ದ."

ಆತ ಕಣ್ಣೊರೆಸಿಕೊಂಡು ಹೊರಟುಹೋದ. ಬಸ್ ನಿಲ್ದಾಣದಲ್ಲಿ ರೀಲಕ್ಕನ ಮನೆಯ ಕಡೆ ಹೋಗುವ ಬಸ್ಸು ಎರಡು ಸಲ ಬಂದು ಹೋಯಿತು. ಹತ್ತಬೇಕೆನ್ನಿಸಲಿಲ್ಲ. ಹೋಗಿ ಹೇಳಲು ಮನೆಯಲ್ಲಿ ಯಾರೂ ಇರಲಿಲ್ಲ.